ಓದುಗರ ಪ್ರಶ್ನೆ: ಹಾಡಿನಿಂದ ಸರ್ಕಾರ ಬದಲಾದೀತೆ?

ಪ್ರಶ್ನೆ: ಪಶ್ಚಿಮ ಆಫ್ರಿಕಾದ ಸೆನೆಗಲ್‌ನಲ್ಲಿ ರ‍್ಯಾಪ್ ಹಾಡುವ ಹುಡುಗರು ಅಧ್ಯಕ್ಷರನ್ನೇ ಇಳಿಸಿದರಂತೆ. ಹಾಡಿಗೆ ಅಷ್ಟು ಬಲವಿದೆಯೇ?

ಉತ್ತರ: ಇಳಿಸಿದ್ದು ಮತ. ಆ ಮತವನ್ನು ಪಟ್ಟಿಗೆ ಸೇರಿಸುವುದರಲ್ಲಿ ಹಾಡಿನ ಪಾಲು ದೊಡ್ಡದು. 2011ರ ಜನವರಿಯಲ್ಲಿ, ರಾಜಧಾನಿ ಡಾಕಾರ್‌ನಲ್ಲಿ ಗಂಟೆಗಟ್ಟಲೆ ಕರೆಂಟ್ ಹೋಗುತ್ತಿದ್ದ ದಿನಗಳಲ್ಲಿ, ಕರ್ ಗಿ ಎಂಬ ರ‍್ಯಾಪ್ ತಂಡದ ಥಿಯಾಟ್ ಮತ್ತು ಕಿಲಿಫೆ, ಪತ್ರಕರ್ತ ಫಾದೆಲ್ ಬಾರೊ ಮತ್ತಿತರರು ಸೇರಿ 'ಯಾನ್ ಆ ಮಾರ್' (ಸಾಕಾಗಿಹೋಗಿದೆ) ಚಳವಳಿ ಕಟ್ಟಿದರು. ಬಡಾವಣೆಗೊಂದು ಘಟಕ ಮಾಡಿ, ಅಲ್ಲಿನ ವೊಲೊಫ್ ಭಾಷೆಯಲ್ಲಿ ಹಾಡಿ, ಯುವಕರನ್ನು ಮತದಾರರ ನೋಂದಣಿಗೆ ಹುರಿದುಂಬಿಸಿದರು. ಪಟ್ಟಿಯಲ್ಲಿ ಹೆಸರಿಲ್ಲದವನ ಸಿಟ್ಟು ಎಣಿಕೆಗೆ ಬರುವುದಿಲ್ಲ. ಎಷ್ಟೋ ಚಳವಳಿಗಳು ಸೋಲುವುದು ಇಲ್ಲೇ.

ಅದೇ ವರ್ಷ ಜೂನ್ 23ರಂದು ಅಧ್ಯಕ್ಷ ಅಬ್ದುಲಾಯ್ ವಾದ್ ಸಂವಿಧಾನ ತಿದ್ದುಪಡಿ ಮಸೂದೆ ತಂದರು: ಅಧ್ಯಕ್ಷ ಚುನಾವಣೆಯ ಮೊದಲ ಸುತ್ತಿನಲ್ಲಿ ಶೇ 25 ಮತ ಬಂದರೂ ಗೆಲುವು. ಸಂಸತ್ತಿನ ಮುಂದೆ ಜನ ಮುಗಿಬಿದ್ದರು, ಮಸೂದೆ ಅಂದೇ ವಾಪಸಾಯಿತು. ಇದರ ಬೆಲೆ ತಿಳಿದದ್ದು 2012ರ ಫೆಬ್ರುವರಿಯಲ್ಲಿ. ಮೊದಲ ಸುತ್ತಿನಲ್ಲಿ ವಾದ್‌ಗೆ ಬಂದದ್ದು ಸುಮಾರು ಶೇ 34.8. ತಿದ್ದುಪಡಿ ಉಳಿದಿದ್ದರೆ ಅವರು ಅಲ್ಲೇ ಗೆದ್ದುಬಿಡುತ್ತಿದ್ದರು! ಮಾರ್ಚ್ 25ರ ಎರಡನೇ ಸುತ್ತಿನಲ್ಲಿ ಎದುರಾಳಿ ಮಾಕಿ ಸಾಲ್ ಸುಮಾರು ಶೇ 65.8 ಮತ ಪಡೆದು ಗೆದ್ದರು.

ಪ್ರಶ್ನೆ: ಬೇರೆ ದೇಶಗಳಲ್ಲೂ ಹೀಗಾಗಿದೆಯೇ?

ಉತ್ತರ: ಬುರ್ಕಿನಾ ಫಾಸೊದಲ್ಲಿ ಆಗಿದೆ, ದಾರಿ ಮಾತ್ರ ಬೇರೆ. ರ‍್ಯಾಪರ್ ಸ್ಮೋಕಿ, ರೆಗೆ ಗಾಯಕ ಸಾಮ್ಸ್ ಕೆ ಲೆ ಜಾ 2013ರಲ್ಲಿ ಪೊರಕೆಯನ್ನು ಗುರುತಾಗಿಟ್ಟುಕೊಂಡು 'ಬಾಲೆ ಸಿತ್ವಾಯೆನ್' (ನಾಗರಿಕರ ಪೊರಕೆ) ಚಳವಳಿ ಆರಂಭಿಸಿದರು. ಅಧ್ಯಕ್ಷರ ಅಧಿಕಾರಾವಧಿಯ ಮಿತಿ ಸಡಿಲಿಸುವ ಮಸೂದೆ 2014ರ ಅಕ್ಟೋಬರ್ 30ರಂದು ಮತಕ್ಕೆ ಬರಬೇಕಿತ್ತು. ಅಂದು ಸಂಸತ್ ಭವನಕ್ಕೇ ಬೆಂಕಿ ಬಿತ್ತು. 27 ವರ್ಷ ಆಳಿದ್ದ ಬ್ಲೇಸ್ ಕಾಂಪೋರೆ ಮರುದಿನ ರಾಜೀನಾಮೆ ಕೊಟ್ಟರು. ಆದರೆ ಅಧಿಕಾರ ಮೊದಲು ಸೇರಿದ್ದು ಸೇನೆಯ ಕೈಗೆ. ಬೀದಿಯಿಂದಲೇ ಇಳಿಸಿದರೆ ಬರುವ ತೊಡಕು ಅದು.

ಪ್ರಶ್ನೆ: ಹೆಸರಾಂತ ಗಾಯಕ ತಾನೇ ಚುನಾವಣೆಗೆ ನಿಂತರೆ ಸುಲಭವಲ್ಲವೇ?

ಉತ್ತರ: ಯೂಸು ಎನ್‌ದೂರ್‌ಗಿಂತ ಹೆಸರಾಂತ ಗಾಯಕ ಸೆನೆಗಲ್‌ನಲ್ಲಿ ಯಾರು? ಅದೇ 2012ರಲ್ಲಿ ಅವರೂ ನಿಲ್ಲಲು ಹೊರಟರು. ಪಕ್ಷೇತರರಿಗೆ 10,000 ಮತದಾರರ ಸಹಿ ಬೇಕಿತ್ತು. 12,936 ಕೊಟ್ಟರು, ಸಂವಿಧಾನ ಮಂಡಳಿ ಪರಿಶೀಲಿಸಿದಾಗ ಸಿಂಧುವಾಗಿ ಉಳಿದದ್ದು 8,911. ಉಮೇದುವಾರಿಕೆ ತಿರಸ್ಕೃತವಾಯಿತು. ಇದು ಅನ್ಯಾಯವೆಂದು ಅವರು ದೂರಿದರು, ತೀರ್ಪು ಬದಲಾಗಲಿಲ್ಲ. ಸಹಿ ಸಂಗ್ರಹಿಸುವವರು ಮತದಾರರ ಗುರುತನ್ನು ಅಲ್ಲೇ ತಾಳೆ ನೋಡಿ, ಬೇಕಾದದ್ದಕ್ಕಿಂತ ಅರ್ಧದಷ್ಟಾದರೂ ಹೆಚ್ಚು ತರಬೇಕು. ಎನ್‌ದೂರ್ ಬಳಿ ಇದ್ದ ಹೆಚ್ಚುವರಿ ಮೂರನೇ ಒಂದಕ್ಕೂ ಕಡಿಮೆ. ಅವರು ಆಮೇಲೆ ಸಾಲ್‌ಗೆ ಬೆಂಬಲ ನೀಡಿ, ಏಪ್ರಿಲ್‌ನಲ್ಲಿ ಸಂಸ್ಕೃತಿ ಸಚಿವರಾದರು.