ಹುಕ್ಕೇರಿಯವರನ್ನು ಹುಕ್ಕೇರಿಯಲ್ಲಿ ಹುಡುಕಬೇಡಿ

ಬೆಳಗಾವಿಗೆ ವರ್ಗವಾಗಿ ಬಂದು ಇನ್ನೂ ಮೂರು ತಿಂಗಳಾಗಿಲ್ಲ, ಅಷ್ಟರಲ್ಲೇ ನಿಮ್ಮ ತಲೆ ಕೆಟ್ಟಿದೆ. ಆಫೀಸಿನಲ್ಲಿ ಒಬ್ಬರು ಗೋಕಾಕ, ಒಬ್ಬರು ಕಿತ್ತೂರ, ಎದುರು ಟೇಬಲ್ಲಿನವರು ಸವದತ್ತಿ, ಬಾಡಿಗೆ ಮನೆಯ ಮಾಲೀಕರು ಅಥಣಿ. ಇದು ಹಾಜರಿ ಪುಸ್ತಕವೋ ಬಸ್ ಸ್ಟ್ಯಾಂಡಿನ ಬೋರ್ಡೋ ಅಂತ ಕೇಳಿದ್ದೀರಿ. ಚೆನ್ನಾಗಿದೆ ಪ್ರಶ್ನೆ. ಜೊತೆಗೆ ಇನ್ನೆರಡು ಕೇಳಿದ್ದೀರಿ: ಇವರೆಲ್ಲ ಆಯಾ ಊರಿನವರೇನಾ? ಹೆಸರಿನ ಕೊನೆಗೆ 'ಕರ' ಇದ್ದವರೆಲ್ಲ ಮರಾಠಿಯವರೇನಾ? ಎರಡಕ್ಕೂ ಉತ್ತರ ಒಂದೇ, ಹಾಗೇನಿಲ್ಲ. ಆದರೆ ಸುಮ್ನೆ 'ಹಾಗೇನಿಲ್ಲ' ಅಂದರೆ ನಿಮಗೆ ಸಮಾಧಾನ ಆಗಲ್ಲ, ಅದಕ್ಕೇ ಸ್ವಲ್ಪ ಉದ್ದಕ್ಕೆ ಬರೆಯುತ್ತಿದ್ದೇನೆ. ನಾನೂ ಒಬ್ಬ ಹುಕ್ಕೇರಿ. ಇದೇ ಜಿಲ್ಲೆಯ ಹುಕ್ಕೇರಿ ಅನ್ನೋ ಊರಿನಲ್ಲಿ ಒಂದು ರಾತ್ರಿಯೂ ಮಲಗಿದವನಲ್ಲ.

ಮೊದಲು ಒಂದು ಶಬ್ದ ಕಲಿತುಬಿಡಿ: ಅಡ್ಡಹೆಸರು. ಮೈಸೂರು ಕಡೆ ಈ ಶಬ್ದ ಹೇಳಿದರೆ ಗೆಳೆಯರು ತಮಾಷೆಗೆ ಇಟ್ಟ ಹೆಸರು ಅಂದುಕೊಳ್ಳುತ್ತೀರಿ. ನಮ್ಮಲ್ಲಿ ಅದು ಮನೆತನದ ಹೆಸರು. "ಅಡ್ಡಹೆಸರ ಏನ್ರಿ ನಿಮ್ದು?" ಅಂತ ಕೇಳಿದರೆ ಯಾರೂ ಗೇಲಿ ಮಾಡುತ್ತಿಲ್ಲ. ನಿಮಗೆ ಹೆಸರಿನ ಮುಂದೆ ಎರಡು ಇನಿಶಿಯಲ್ ಇದ್ದರೆ ಮುಗಿಯಿತು. ಇಲ್ಲಿ ಮೊದಲು ತನ್ನ ಹೆಸರು, ಆಮೇಲೆ ಅಪ್ಪನ ಹೆಸರು, ಕೊನೆಗೆ ಅಡ್ಡಹೆಸರು. ಆದರೆ ಇದು ಕಾಗದದ ಮಾತು. ಬಾಯಲ್ಲಿ ಊರು ಮುಂದೆ ಬರುತ್ತದೆ. ನಾಟಕದ ಏಣಗಿ ಬಾಳಪ್ಪ ಸವದತ್ತಿ ತಾಲ್ಲೂಕಿನ ಏಣಗಿಯವರು. 'ಆನಂದಕಂದ' ಅಂತ ಬರೆಯುತ್ತಿದ್ದ ಬೆಟಗೇರಿ ಕೃಷ್ಣಶರ್ಮರು ಗೋಕಾಕ ತಾಲ್ಲೂಕಿನ ಬೆಟಗೇರಿಯವರು. ಸಂಗೊಳ್ಳಿ ರಾಯಣ್ಣನ ಸಂಗೊಳ್ಳಿ ಬೈಲಹೊಂಗಲ ತಾಲ್ಲೂಕಿನ ಒಂದು ಹಳ್ಳಿ. ನೀವು ಬೆಂಗಳೂರಿನಲ್ಲಿ ರೈಲು ಹತ್ತಿದ 'ಕೆಎಸ್‌ಆರ್ ಬೆಂಗಳೂರು' ನಿಲ್ದಾಣದಲ್ಲಿ 'ಎಸ್' ಅಂದರೆ ಆ ಹಳ್ಳಿಯೇ, ಪೂರ್ತಿ ಹೆಸರು ಕ್ರಾಂತಿವೀರ ಸಂಗೊಳ್ಳಿ ರಾಯಣ್ಣ. ಟಿಕೆಟ್ಟಿನಲ್ಲಿ ಅದು ಒಂದೇ ಅಕ್ಷರವಾಗಿ ಉಳಿದಿದೆ ಅನ್ನೋದು ನನಗೆ ಸ್ವಲ್ಪ ಬೇಜಾರು, ಇರಲಿ.

ಈಗ ನಿಮ್ಮ ಪ್ರಶ್ನೆಗೆ ಬರೋಣ. ಹುಕ್ಕೇರಿಯಲ್ಲಿ ಇರುವವನನ್ನು ಯಾರಾದರೂ 'ಹುಕ್ಕೇರಿ' ಅಂತ ಯಾಕೆ ಕರೆಯುತ್ತಾರೆ, ನೀವೇ ಹೇಳಿ. ಅಲ್ಲಿ ಎಲ್ಲರೂ ಹುಕ್ಕೇರಿಯವರೇ. ಆ ಹೆಸರು ಅಂಟಿಕೊಳ್ಳುವುದು ಊರು ಬಿಟ್ಟ ಮೇಲೆ. ಯಾರೋ ಒಬ್ಬ ಹೊಟ್ಟೆಪಾಡಿಗೆ ಅಂತಲೋ, ಅಣ್ಣತಮ್ಮರ ಜಗಳಕ್ಕೋ, ಬರಗಾಲಕ್ಕೋ ಇನ್ನೊಂದು ಊರಿಗೆ ಬಂದು ಅಂಗಡಿ ಹಾಕಿದ. ಆ ಊರಿನಲ್ಲಿ ಆಗಲೇ ಇಬ್ಬರು ಬಸಪ್ಪ ಇದ್ದಾರೆ. ಇವನು ಹುಕ್ಕೇರಿ ಬಸಪ್ಪನಾದ. ಮಗನನ್ನು ಶಾಲೆಗೆ ಹಾಕುವಾಗ ಮಾಸ್ತರರು ಅದನ್ನೇ ಬರೆದುಕೊಂಡರು. ಅಲ್ಲಿಗೆ ಗಟ್ಟಿಯಾಯಿತು. ಹಾಗಾಗಿ ಹುಕ್ಕೇರಿಗಳು ಬೇಕಾದರೆ ಬೆಳಗಾವಿಯಲ್ಲಿ, ಹುಬ್ಬಳ್ಳಿಯಲ್ಲಿ, ಗದಗಿನಲ್ಲಿ ಹುಡುಕಿ. ಹಾಡುಗಾರ ಹುಕ್ಕೇರಿ ಬಾಳಪ್ಪನವರ ಹೆಸರು ಕೇಳಿರಬಹುದು, ಸಾವಿರ ಪದಗಳ ಸರದಾರ ಅಂತಲೇ ಕರೆಯುತ್ತಿದ್ದರು. ಅವರು ಮುರಗೋಡದವರು.

ಗೋಕಾಕದ ಕಥೆ ಇನ್ನೂ ಮಜಾ. ನಿಮ್ಮ ಕಡೆಯ ಒಬ್ಬ ಹುಡುಗ ಕರದಂಟು ತಿನ್ನುತ್ತಾ "ಗೋಕಾಕ್ ಚಳವಳಿ ನಡೆದ ಊರು ಇದೇ ಅಲ್ವಾ ಸಾರ್?" ಅಂತ ನನ್ನನ್ನು ಕೇಳಿದ್ದ. ಬೈಯಬೇಕೋ ನಗಬೇಕೋ ತಿಳಿಯಲಿಲ್ಲ. ಕರದಂಟು ಆ ಊರಿನದು, ಘಟಪ್ರಭೆ ಧುಮುಕುವ ಫಾಲ್ಸ್ ಆ ಊರಿನದು. ಚಳವಳಿ ಮಾತ್ರ ಒಬ್ಬ ಮನುಷ್ಯನ ಅಡ್ಡಹೆಸರಿನದು. ಶಾಲೆಗಳಲ್ಲಿ ಕನ್ನಡಕ್ಕೆ ಯಾವ ಸ್ಥಾನ ಅಂತ ನೋಡಲು ಸರ್ಕಾರ 1980ರಲ್ಲಿ ಸಮಿತಿ ಮಾಡಿತು, ಅದರ ಅಧ್ಯಕ್ಷರು ವಿನಾಯಕ ಕೃಷ್ಣ ಗೋಕಾಕ, 1981ರಲ್ಲಿ ವರದಿ ಬಂತು, ಅದು ಜಾರಿಯಾಗಲಿ ಅಂತ ಡಾ. ರಾಜ್‌ಕುಮಾರ್ ಬೀದಿಗಿಳಿದರು. ಆ ಗೋಕಾಕರು ಹುಟ್ಟಿದ್ದು ಇಂದಿನ ಹಾವೇರಿ ಜಿಲ್ಲೆಯ ಸವಣೂರಿನಲ್ಲಿ! ಎಂ. ಎಂ. ಕಲಬುರ್ಗಿಯವರೂ ಹಾಗೆಯೇ, ವಿಜಯಪುರ ಜಿಲ್ಲೆಯವರು. ಕಿತ್ತೂರು ಚನ್ನಮ್ಮನಿಗೆ ಗಂಡನ ಮನೆಯ ಊರಿನ ಹೆಸರು ಬಂತು, ತವರು ಕಾಕತಿ. ಹೆದ್ದಾರಿಯಲ್ಲಿ ಕೊಲ್ಹಾಪುರದ ಕಡೆ ಹೊರಟರೆ ಬೆಳಗಾವಿ ದಾಟುತ್ತಲೇ ಸಿಗುತ್ತದೆ.

ಇನ್ನೊಂದು ಗಮನಿಸಿ. ದೂರ ಹೋದಷ್ಟೂ ಹೆಸರು ದೊಡ್ಡದಾಗುತ್ತದೆ. ಮಲ್ಲಿಕಾರ್ಜುನ ಮನಸೂರರ ಮನಸೂರು ಧಾರವಾಡದ ಮಗ್ಗುಲಿಗೇ ಇದೆ. ಬಂದು ನೆಲೆಸಿದ್ದು ಧಾರವಾಡದಲ್ಲಿ, ಅಲ್ಲಿ 'ಮನಸೂರ' ಅಂದರೆ ಸಾಕು, ಯಾವ ದಿಕ್ಕು ಅಂತ ಎಲ್ಲರಿಗೂ ಗೊತ್ತು. ಆದರೆ ಹುಬ್ಬಳ್ಳಿ ಪಕ್ಕದ ಅದರಗುಂಚಿಯ ಹುಡುಗಿಯೊಬ್ಬಳು ಮರಾಠಿ ಸಿನಿಮಾದಲ್ಲಿ ಹೆಸರು ಮಾಡಿದಾಗ 'ಅದರಗುಂಚಿ' ಅಂದರೆ ಅಲ್ಲಿ ಯಾರಿಗೆ ತಿಳಿಯಬೇಕು? ಆಕೆ ಶಾಂತಾ ಹುಬ್ಳೀಕರ್ ಆದಳು. ಇನ್ನೂ ದೂರ, ಮುಂಬಯಿಯ ಹಿಂದಿ ಸಿನಿಮಾದಲ್ಲಿ ಹಾಡಿದ ಬೀಳಗಿಯ ಅಮೀರ್‌ಬಾಯಿಗೆ ಹುಬ್ಬಳ್ಳಿಯೂ ಸಾಲಲಿಲ್ಲ, ಬಿಜಾಪುರವೂ ಸಾಲಲಿಲ್ಲ. ಅಮೀರ್‌ಬಾಯಿ ಕರ್ನಾಟಕಿ. ಆಕೆ ತೀರಿಕೊಂಡದ್ದು 1965ರಲ್ಲಿ. ನಮ್ಮ ರಾಜ್ಯಕ್ಕೆ ಕರ್ನಾಟಕ ಅಂತ ಹೆಸರಿಟ್ಟದ್ದು 1973ರ ನವೆಂಬರ್ 1ಕ್ಕೆ. ಅಂದರೆ ರಾಜ್ಯಕ್ಕಿಂತ ಮೊದಲೇ ಆ ಹೆಸರು ಒಬ್ಬ ಹೆಣ್ಣುಮಗಳ ಅಡ್ಡಹೆಸರಾಗಿ ಗ್ರಾಮಫೋನ್ ತಟ್ಟೆಯ ಮೇಲೆ ತಿರುಗುತ್ತಿತ್ತು. ಇದನ್ನು ಯಾರೂ ರಾಜ್ಯೋತ್ಸವದ ಭಾಷಣದಲ್ಲಿ ಹೇಳಲ್ಲ ನೋಡಿ.

'ಕರ'ದ ವಿಷಯ. ಮರಾಠಿಯಲ್ಲಿ ಊರಿನ ಹೆಸರಿಗೆ 'ಕರ್' ಸೇರಿಸಿದರೆ ಆ ಊರಿನವನು ಅಂತಾಯಿತು. ನಾವು 'ಹುಕ್ಕೇರಿಯವರು' ಅನ್ನುವ ಹಾಗೆ. ನಾವು ಆ ಬಾಲವನ್ನು ಬಿಟ್ಟು ಬರೀ ಊರನ್ನೇ ಹೊತ್ತುಕೊಂಡೆವು, ಅವರು ಬಾಲ ಸೇರಿಸಿ ಹೊತ್ತುಕೊಂಡರು, ಅಷ್ಟೇ. ಆದರೆ ಯಾರಿಗೆ ಬಾಲ ಬಂತು ಯಾರಿಗೆ ಬರಲಿಲ್ಲ ಅನ್ನೋದನ್ನು ಮನೆಮಾತು ತೀರ್ಮಾನಿಸಲಿಲ್ಲ. ಎಷ್ಟೋ ಸಲ ಹೆಸರು ಬರೆದುಕೊಂಡವರ ಕೈ ತೀರ್ಮಾನಿಸಿತು. ಈ ಜಿಲ್ಲೆ 1956ರವರೆಗೂ ಮುಂಬಯಿ ರಾಜ್ಯದಲ್ಲಿತ್ತು. ಅದಕ್ಕೂ ಹಿಂದೆ ಪೇಶ್ವೆಗಳ ಕಾಲದ ಲೆಕ್ಕಪತ್ರ ಮರಾಠಿಯದು, ಅದೂ ಮೋಡಿ ಲಿಪಿಯಲ್ಲಿ. ಹಿಂದೂಸ್ತಾನಿ ಗಾಯಕ ಸವಾಯಿ ಗಂಧರ್ವರು ಕುಂದಗೋಳದವರು, ಅಪ್ಪಟ ನಮ್ಮ ನೆಲದವರು. ಮರಾಠಿ ರಂಗಭೂಮಿಗೆ ಹೋಗಿ ರಾಮಭಾವು ಕುಂದಗೋಳಕರ್ ಆದರು. ಭೀಮಸೇನ ಜೋಶಿ, ಗಂಗೂಬಾಯಿ ಹಾನಗಲ್ ಇಬ್ಬರಿಗೂ ಗುರುಗಳು ಅವರೇ.

ನಮ್ಮ ಮನೆಯದೇ ಹೇಳುತ್ತೇನೆ. ನಮ್ಮಜ್ಜ ಬೆಳಗಾವಿಗೆ ಬಂದರು, ಅಜ್ಜನ ತಮ್ಮ ಕೊಲ್ಹಾಪುರಕ್ಕೆ ಹೋದರು. ಈಗ ಅಲ್ಲಿನ ಮನೆಯವರು ಹುಕ್ಕೇರೀಕರ್. ಮೊನ್ನೆ ಅಲ್ಲಿ ಮದುವೆ ಇತ್ತು. ಲಗ್ನಪತ್ರಿಕೆ ಎರಡು ಥರ ಅಚ್ಚು ಹಾಕಿಸಿದ್ದರು. ಮರಾಠಿಯದರಲ್ಲಿ ಎಲ್ಲರೂ ಹುಕ್ಕೇರೀಕರ್, ಕನ್ನಡದ್ದರಲ್ಲಿ ಎಲ್ಲರೂ ಹುಕ್ಕೇರಿ. ಬೀಗರ ಕಡೆಯ ಒಬ್ಬ ಅಜ್ಜಿ ಎರಡನ್ನೂ ಕೈಯಲ್ಲಿ ಹಿಡಿದುಕೊಂಡು "ಇವು ಎರಡು ಲಗ್ನ ಏನವ್ವಾ, ಒಂದ ಮಂಟಪದಾಗ?" ಅಂತ ಕೇಳಿದಳು. ಅಲ್ಲಿನ ಕಾಕಾ ಮಕ್ಕಳು ಮರಾಠಿ ಶಾಲೆಯಲ್ಲಿ ಓದಿದವರು. ಮನೆಯಲ್ಲಿ ಮಾತ್ರ ಇವತ್ತಿಗೂ "ಊಟಾ ಮಾಡ್ರಿ" ಅಂತಲೇ ಕರೆಯುತ್ತಾರೆ. ಇಲ್ಲಿ ನಮ್ಮ ಓಣಿಯಲ್ಲಿ ಮರಾಠಿ ಮಾತಾಡುವ ಒಂದು ಮನೆಯಿದೆ, ಅವರ ಅಡ್ಡಹೆಸರಿಗೆ ಬಾಲವೇ ಇಲ್ಲ, ಅಚ್ಚ ಕನ್ನಡದ ಹಳ್ಳಿಯ ಹೆಸರು. ಅದಕ್ಕೇ ಹೇಳೋದು, ನಾಮಫಲಕ ನೋಡಿ ಯಾವ ಭಾಷೆಯಲ್ಲಿ ಮಾತು ಶುರು ಮಾಡಬೇಕು ಅಂತ ಲೆಕ್ಕ ಹಾಕಬೇಡಿ. ನಮಸ್ಕಾರ ಅನ್ನಿ, ಅದು ಎರಡೂ ಕಡೆ ನಡೆಯುತ್ತದೆ.

ಜಾತಿಯನ್ನೂ ಲೆಕ್ಕ ಹಾಕಬೇಡಿ. ಊರ ಹೆಸರಿನ ಅಡ್ಡಹೆಸರಿನಿಂದ ಅದು ತಿಳಿಯಲ್ಲ. ಕಿತ್ತೂರ ಅಂತ ಲಿಂಗಾಯತರೂ ಇದ್ದಾರೆ, ಮುಸಲ್ಮಾನರೂ ಇದ್ದಾರೆ. ನನಗಂತೂ ಇದು ಈ ಹೆಸರುಗಳಲ್ಲಿ ಇಷ್ಟವಾಗುವ ಗುಣ.

ಪಾಟೀಲ, ಕುಲಕರ್ಣಿ, ದೇಸಾಯಿ, ದೇಶಪಾಂಡೆ, ನಾಡಗೌಡ ಇವು ಊರಲ್ಲ, ಹುದ್ದೆ. ಪಾಟೀಲ ಊರ ಗೌಡಕಿ ನೋಡುವವನು, ಕುಲಕರ್ಣಿ ಲೆಕ್ಕ ಬರೆಯುವವನು. 1950ರಲ್ಲಿ ಮುಂಬಯಿ ಸರ್ಕಾರ ಕುಲಕರ್ಣಿ ವತನ, ಅಂದರೆ ವಂಶದಿಂದ ಬಂದ ಹುದ್ದೆ, ರದ್ದು ಮಾಡಿತು, ಆಮೇಲೆ 1961ರ ಕಾಯ್ದೆಯಿಂದ ಉಳಿದ ಪಾಟೀಲಕಿಯೂ ಹೋಯಿತು. ಕೆಲಸ ಹೋಗಿ ಇಷ್ಟು ವರ್ಷವಾದರೂ ಹೆಸರು ಹೋಗಿಲ್ಲ. ಲಿಂಗಾಯತ ಪಾಟೀಲ, ಜೈನ ಪಾಟೀಲ, ಮರಾಠಾ ಪಾಟೀಲ, ಮುಸ್ಲಿಂ ಪಾಟೀಲ, ಒಂದೇ ಹಳ್ಳಿಯಲ್ಲಿ ಎಲ್ಲರೂ ಸಿಗಬಹುದು. ಪೋಸ್ಟ್‌ಮನ್ ಹೊಸಬನಾದರೆ ಮುಗಿಯಿತು ಕಥೆ. ಅದಕ್ಕೇ ಹಳ್ಳಿಯವರು ಅಡ್ಡಹೆಸರಿಗೂ ಒಂದು ಅಡ್ಡಹೆಸರು ಇಟ್ಟಿರುತ್ತಾರೆ: ಮ್ಯಾಲಿನಮನಿ ಪಾಟೀಲ, ಬಾವಿ ಪಾಟೀಲ, ಹೀಗೆ.

ಇನ್ನು ಮೆಣಸಿನಕಾಯಿ, ಉಳ್ಳಾಗಡ್ಡಿ, ಅಕ್ಕಿ, ಬೆಲ್ಲದ, ಸಕ್ಕರಿ. ನಿಜವಾಗಿಯೂ ಅಡ್ಡಹೆಸರುಗಳೇ, ನಗಬೇಡಿ. ಹಿಂದೆ ಯಾರೋ ಅದರ ವ್ಯಾಪಾರ ಮಾಡಿರುತ್ತಾರೆ. ಹೊಸಮನಿ, ದೊಡ್ಡಮನಿ, ಕಟ್ಟೀಮನಿ ಮನೆ ನೋಡಿ ಬಂದದ್ದು. ಮಠ ಇರುವವು ಬೇರೆಯೇ ಒಂದು ಸಾಲು, ಹಿರೇಮಠ, ಚಿಕ್ಕಮಠ, ಸಾಲಿಮಠ. ಬೆಳಗಾವಿ ಪಕ್ಕದ ಸುಳೇಭಾವಿಯಲ್ಲಿ ಹುಟ್ಟಿದ ಶಿವಪುತ್ರ ಸಿದ್ದರಾಮಯ್ಯ ಕೊಂಕಾಳಿಮಠ ಅಂದರೆ ಯಾರು ಗೊತ್ತಾ? ಹಿಂದೂಸ್ತಾನಿ ಗಾಯಕ ಕುಮಾರ ಗಂಧರ್ವ. ಮಧ್ಯಪ್ರದೇಶದ ದೇವಾಸಿನಲ್ಲಿ ನೆಲೆಸಿದರು, ಮಗಳು ಕಲಾಪಿನಿಯ ಹೆಸರಿನಲ್ಲಿ ಈಗ ಕೊಂಕಾಳಿ ಮಾತ್ರ ಇದೆ. ಮಠ ದಾರಿಯಲ್ಲೇ ಉಳಿಯಿತು.

ಈ ಹೆಸರಿನಿಂದ ತೊಂದರೆ ಇಲ್ವಾ ಅಂದರೆ, ಇದೆ. ಕಳೆದ ವರ್ಷ ಮಗಳಿಗೆ ಕನ್ನಡಕ ತರಿಸಿದೆ. ಡಬ್ಬಿಯ ಮೇಲೆ ನನ್ನ ಹೆಸರು, ಅದರ ಕೆಳಗೆ ಓಣಿ, ಬೆಳಗಾವಿ, ಎಲ್ಲಾ ಸರಿ ಇತ್ತು. ಕೊರಿಯರ್‌ನವರ ಕಂಪ್ಯೂಟರಿಗೆ ಮಾತ್ರ ಹುಕ್ಕೇರಿ ಅನ್ನೋದು ಮನುಷ್ಯ ಅಂತ ಹೊಳೆಯಲಿಲ್ಲ. ಪಾರ್ಸೆಲ್ ಸೀದಾ ಹುಕ್ಕೇರಿಗೆ ಹೋಯಿತು. ಅಲ್ಲಿಂದ ಫೋನು: "ಸರ್, ಬಸ್ ಸ್ಟ್ಯಾಂಡ್ ಹತ್ರ ಅದೀನಿ, ಮನಿ ಎಲ್ಲಿ ಬರತೈತ್ರಿ?" ನಾನು ಬೆಳಗಾವಿ ಅಂದೆ. ಅವನು "ಅಡ್ರೆಸ್ ಹುಕ್ಕೇರಿ ಐತಲ್ರಿ" ಅಂದ. ಅದು ಅಡ್ರೆಸ್ ಅಲ್ಲಪ್ಪ, ನಾನು ಅಂದೆ. ಹತ್ತು ನಿಮಿಷ ಇದೇ ನಡೆಯಿತು. ಕೊನೆಗೆ ಸಿಟ್ಟು ಬಂದು ನಾನೇ ಬರ್ತೀನಿ ಇರು ಅಂತ ಬೈಕ್ ತೆಗೆದೆ.

ಹೆಸರು ಬದಲಾಯಿಸುವ ಸರ್ಕಾರದ ಆಟವೂ ಅಡ್ಡಹೆಸರಿನ ಮುಂದೆ ನಡೆಯಲ್ಲ. 2014ರ ನವೆಂಬರ್ 1ರಿಂದ ಬಿಜಾಪುರ ವಿಜಯಪುರ ಆಯಿತು. ಬಿಜಾಪುರ ಅಂತ ಅಡ್ಡಹೆಸರಿನವರು ಆಧಾರ್ ಕಾರ್ಡ್ ತಿದ್ದಿಸಲಿಕ್ಕೆ ಸಾಲು ನಿಂತದ್ದನ್ನು ನಾನಂತೂ ನೋಡಿಲ್ಲ. ಬೆಳಗಾವಿಯ ದೊಡ್ಡ ಹಾರ್ಮೋನಿಯಂ ವಾದಕ ರಾಮಭಾವು ಅವರ ಹೆಸರನ್ನು ಬಿಜಾಪುರೆ ಅಂತಲೂ ವಿಜಾಪುರೆ ಅಂತಲೂ ಮೊದಲಿನಿಂದ ಬರೆಯುತ್ತಿದ್ದರು, ಸರ್ಕಾರದ ಆದೇಶಕ್ಕೆ ಯಾರೂ ಕಾದಿರಲಿಲ್ಲ. ಅವರು ಹುಟ್ಟಿದ್ದು? ಕಾಗವಾಡದಲ್ಲಿ. ಈಗ ನಿಮಗೆ ರೂಢಿಯಾಗಿರಬೇಕು.

ಕನ್ನಡಕ ತರಲು ಹೋದೆ ಅಂದೆನಲ್ಲ. ಬೆಳಗಾವಿಯಿಂದ ಐವತ್ತು ಕಿಲೋಮೀಟರ್ ಹತ್ತಿರ, ಮಧ್ಯಾಹ್ನದ ಬಿಸಿಲು. ಡಬ್ಬಿ ಇಸಿದುಕೊಂಡು, ಬಂದದ್ದೇ ಬಂದೆ ಅಂತ ಆದಿಲ್‌ಶಾಹಿ ಕಾಲದ ಗುಮ್ಮಟ ನೋಡಿ, ಒಂದು ಚಾದಂಗಡಿಯಲ್ಲಿ ಕೂತೆ. ಪಕ್ಕದಲ್ಲಿ ರುಮಾಲು ಸುತ್ತಿದ ಒಬ್ಬ ಅಜ್ಜ.

"ಯಾವೂರ್ರಿ?"

"ಬೆಳಗಾವಿ, ಅಜ್ಜಾರ."

"ಅಡ್ಡಹೆಸರ?"

"ಹುಕ್ಕೇರಿ." ಸ್ವಲ್ಪ ಜಂಬದಲ್ಲೇ ಹೇಳಿದೆ ಅನ್ನಿ. ಮುತ್ತಜ್ಜನ ಊರಲ್ಲಿ ಕೂತು ಊರ ಹೆಸರೇ ನನ್ನದು ಅನ್ನೋದು ಕಡಿಮೆ ಮಾತೇ?

ಅಜ್ಜ ಬಸಿಯಲ್ಲಿ ಚಾ ಸುರುವಿಕೊಂಡು ಒಂದು ಗುಟುಕು ಕುಡಿದ. "ಅದು ಖರೆ ಬಿಡ್ರಿ. ಇಲ್ಲಿ ನಾವೆಲ್ಲಾರೂ ಹುಕ್ಕೇರಿಯವರ. ಇಲ್ಲಿ ಇದ್ದಾಗ ನಿಮ್ಮ ಮನಿಗೆ ಏನ ಅಂತಿದ್ರು?"

ನನಗೆ ಉತ್ತರ ಗೊತ್ತಿರಲಿಲ್ಲ. ಅಲ್ಲೇ ಕಾಕಾಗೆ ಫೋನ್ ಮಾಡಿದೆ. ಕಾಕಾಗೂ ಗೊತ್ತಿಲ್ಲ. ಕೊಲ್ಹಾಪುರಕ್ಕೆ ಮಾಡಿದೆ. ಅವರು ತಮ್ಮೊಳಗೇ ಮಾತಾಡಿಕೊಂಡು, ನೀವು ಹಿರೇ ಮನೆಯವರು, ನಿಮಗೇ ಗೊತ್ತಿರಬೇಕಲ್ಲ ಅಂತ ನನ್ನನ್ನೇ ತಿರುಗಿ ಕೇಳಿದರು. ಅಜ್ಜ ಕೈ ಮಾಡಿ ಓಣಿಯ ಆ ತುದಿ ತೋರಿಸಿದ. ಅಲ್ಲಿ ಮೊದಲು ಎರಡು ಗಾಣ ಇದ್ದವಂತೆ, ನಾಲ್ಕು ಮನೆ ಊರು ಬಿಟ್ಟು ಹೋದವಂತೆ, ಅದರಲ್ಲಿ ಯಾವುದಾದರೂ ನಮ್ಮದಿರಬಹುದಂತೆ. ಚಾದ ದುಡ್ಡು ಕೊಡಲು ಹೋದರೆ ಅಂಗಡಿಯವನು ತೆಗೆದುಕೊಳ್ಳಲಿಲ್ಲ. "ನಮ್ಮೂರವ್ರ ಅಂತೀರಿ, ಇರ್ಲಿ ಬಿಡ್ರಿ" ಅಂದ.