ಬಿಳಿ ಬಟ್ಟೆ ಹಾರುವ ತನಕ ಕಟ್ ಬೇಡ

ಧಾರವಾಡದ ಓದುಗರೊಬ್ಬರು ಬರೆದಿದ್ದಾರೆ: ‘ಗ್ರೀಸಿನ ದಿಮಿತ್ರಿಸ್ ಪಾಪಾಯೊವಾನ್ನು ಅವರ ನೃತ್ಯದ ತುಣುಕು ನೋಡಿದೆ. ಕ್ಯಾಮೆರಾ ಕದಲುವುದೇ ಇಲ್ಲ, ಆದರೂ ಕಣ್ಣು ಕೀಳಲಾಗಲಿಲ್ಲ. ನಮ್ಮ ತಂಡದ ನೃತ್ಯವನ್ನು ಮೂರು ಮೊಬೈಲಿನಲ್ಲಿ ತೆಗೆದು ಜೋಡಿಸಿದರೆ ಜೀವವೇ ಇಲ್ಲ. ತಪ್ಪೆಲ್ಲಿ?’

ಜೋಡಿಸುವಾಗ ಕತ್ತರಿ ಬೇಗ ಬಿದ್ದಿರಬೇಕು. ಅಥೆನ್ಸಿನಲ್ಲಿ 1964ರಲ್ಲಿ ಹುಟ್ಟಿದ ಪಾಪಾಯೊವಾನ್ನು ಮೊದಲಿಗೆ ಚಿತ್ರಕಾರ. ಗ್ರೀಸಿನ ಹೆಸರಾಂತ ಚಿತ್ರಕಾರ ಯಾನಿಸ್ ತ್ಸಾರೂಖಿಸ್ ಬಳಿ ಕಲಿತವರು, ಕಾಮಿಕ್ಸ್ ಬರೆದವರು. 2004ರ ಅಥೆನ್ಸ್ ಒಲಿಂಪಿಕ್ಸ್ ಉದ್ಘಾಟನೆ ಅವರದೇ ನಿರ್ದೇಶನ. ಚೌಕಟ್ಟಿನೊಳಗೆ ಏನು ಎಲ್ಲಿರಬೇಕೆಂಬುದು ಅವರಿಗೆ ಕುಂಚದಿಂದಲೇ ಬಂದದ್ದು.

ಅವರ 2017ರ ರಂಗಕೃತಿ ‘ದಿ ಗ್ರೇಟ್ ಟೇಮರ್’ನ ಆರಂಭ ನೋಡಿ. ಬೆತ್ತಲೆ ಮಲಗಿದವನ ಮೇಲೆ ಒಬ್ಬ ಬಿಳಿ ಬಟ್ಟೆ ಹೊದಿಸಿ ಹೋಗುತ್ತಾನೆ. ಇನ್ನೊಬ್ಬ ಬಂದು ಪಕ್ಕದ ತೆಳು ಹಲಗೆಯನ್ನೆತ್ತಿ ಬೀಳಿಸುತ್ತಾನೆ. ಅಡಿಯ ಗಾಳಿ ಪಕ್ಕಕ್ಕೆ ನುಗ್ಗಿ ಬಟ್ಟೆ ಹಾರಿಹೋಗುತ್ತದೆ. ಮತ್ತೆ ಹೊದಿಕೆ, ಮತ್ತೆ ಹಲಗೆ. ಹಲಗೆ ಬೀಳುವುದನ್ನೂ ಬಟ್ಟೆ ಏಳುವುದನ್ನೂ ಬೇರೆ ಬೇರೆ ಶಾಟ್‌ಗಳಲ್ಲಿ ತೋರಿಸಿದ್ದರೆ ಗಾಳಿಯನ್ನು ನಾವು ನಂಬುತ್ತಲೇ ಇರಲಿಲ್ಲ. ಎರಡೂ ಒಂದೇ ಚೌಕಟ್ಟಿನಲ್ಲಿರುವುದರಿಂದಲೇ ಆ ಗಾಳಿ ನಮ್ಮ ಮೈಗೂ ತಾಗುತ್ತದೆ. 2011ರ ‘ಇನ್‌ಸೈಡ್’ ಇದೇ ಹಾದಿಯಲ್ಲಿ ಇನ್ನೂ ಮುಂದೆ ಹೋಗಿತ್ತು: ಒಂದೇ ಕೋಣೆ, 30 ಕಲಾವಿದರು, 6 ಗಂಟೆ, ಮನೆಗೆ ಬರುವುದು, ಬಟ್ಟೆ ಕಳಚುವುದು, ಸ್ನಾನ, ಊಟ, ನಿದ್ದೆ, ಅಷ್ಟೇ. ಪ್ರೇಕ್ಷಕರು ಬೇಕೆಂದಾಗ ಬಂದು ಹೋಗಬಹುದಿತ್ತು. ಅದು ಚಿತ್ರರೂಪದಲ್ಲೂ ಇದೆ. ಸಿಕ್ಕರೆ ಒಂದರ್ಧ ಗಂಟೆಯಾದರೂ ನೋಡಿ.

ಇನ್ನು ನಿಮ್ಮ ಚಿತ್ರೀಕರಣ. ಒಂದು ಮೊಬೈಲನ್ನು ಟ್ರೈಪಾಡ್ ಮೇಲಿಟ್ಟು ಮೊದಲಿನಿಂದ ಕೊನೆತನಕ ಮುಟ್ಟಬೇಡಿ. 1ಎಕ್ಸ್ ಲೆನ್ಸ್ ಸಾಕು, 0.5ರ ಅಗಲ ಲೆನ್ಸಿನಲ್ಲಿ ಅಂಚಿನಲ್ಲಿರುವವರ ಕೈಕಾಲು ಎಳೆದಂತೆ ಉದ್ದವಾಗುತ್ತವೆ. ಪಾದ ಕತ್ತರಿಸಿದರೆ ದೇಹದ ಭಾರವೂ ಹೋಯಿತು, ಹಾಗಾಗಿ ಪಾದದ ಕೆಳಗೆ ಒಂದಿಷ್ಟು ನೆಲ ಕಾಣಲಿ. ನಿಂತು ಮಾಡುವ ನೃತ್ಯಕ್ಕೆ ಲೆನ್ಸ್ ಸೊಂಟದ ಮಟ್ಟದಲ್ಲಿರಲಿ. ಮಲಗಿ, ಉರುಳಿ ಮಾಡುವುದಿದ್ದರೆ 6-7 ಅಡಿಗೇರಿಸಿ ಸ್ವಲ್ಪ ಕೆಳಕ್ಕೆ ಬಾಗಿಸಿ. ಇಲ್ಲವಾದರೆ ಮಲಗಿದ ದೇಹ ಬರೀ ಗೆರೆಯಾಗುತ್ತದೆ. ‘ದಿ ಗ್ರೇಟ್ ಟೇಮರ್’ನ ರಂಗ ಇಳಿಜಾರಾಗಿರುವುದರಿಂದ ಅಲ್ಲಿ ಮಲಗಿದವರೂ ಪೂರ್ತಿ ಕಾಣುತ್ತಾರೆ.

ಕಪ್ಪು ಪರದೆಯ ಮುಂದೆ ಮೊಬೈಲಿನ ಆಟೋ ಎಕ್ಸ್‌ಪೋಶರ್ (ತಾನಾಗಿಯೇ ಬೆಳಕು ಹೊಂದಿಸುವ ವ್ಯವಸ್ಥೆ) ಬೆಳಕು ಹೆಚ್ಚಿಸುತ್ತದೆ, ಮುಖ ಸುಣ್ಣ ಬಳಿದಂತಾಗುತ್ತದೆ. ಬೆಳಕಿನಲ್ಲಿ ನಿಂತವರ ಮುಖದ ಮೇಲೆ ಬೆರಳೊತ್ತಿ ಹಿಡಿದು ಲಾಕ್ ಮಾಡಿ. ನಮ್ಮ ಕರೆಂಟು 50 ಹರ್ಟ್ಸ್. ಸೆಕೆಂಡಿಗೆ 25 ಫ್ರೇಮ್, ಶಟರ್ (ಒಂದೊಂದು ಫ್ರೇಮಿಗೂ ಬೆಳಕು ಬೀಳುವ ಅವಧಿ) 1/50 ಸೆಕೆಂಡ್ ಇಟ್ಟರೆ ಟ್ಯೂಬ್‌ಲೈಟಿನ ಪಟ್ಟೆಗಳು ಓಡಾಡುವುದಿಲ್ಲ.

ಉಳಿದೆರಡು ಮೊಬೈಲು ಕೈ, ಮುಖಕ್ಕೆ ಮಾತ್ರ. ಶುರುವಿನಲ್ಲಿ ಮೂರಕ್ಕೂ ಕೇಳುವಂತೆ ಒಮ್ಮೆ ಚಪ್ಪಾಳೆ ತಟ್ಟಿ, ಜೋಡಿಸುವಾಗ ಆ ಸದ್ದಿಗೇ ಮೂರನ್ನೂ ಸರಿಹೊಂದಿಸಿ. ಚಲನೆ ನೆಲ ಮುಟ್ಟಿ ನಿಲ್ಲುವ ಮುನ್ನ ಹತ್ತಿರದ ಶಾಟಿಗೆ ಹಾರಬೇಡಿ.