ತೋಳಿನ ಮೇಲೆ ಒಂದಕ್ಷರ

ಪ್ರಶ್ನೆ: ಹಿಟ್ಲರ್ ಸೋತ ಮೇಲೆ ಅಕ್ಕಪಕ್ಕದ ದೇಶಗಳವರು ಅಲ್ಲಿದ್ದ ಸಾಮಾನ್ಯ ಜರ್ಮನ್ನರ ಮೇಲೂ ಸೇಡು ತೀರಿಸಿಕೊಂಡರಂತೆ, ನಿಜವೇ ಸರ್? (ಓದುಗರೊಬ್ಬರು, ದಾವಣಗೆರೆ)

ಉತ್ತರ: ನಿಜ ಕಣ್ರೀ. ಚೆಕೊಸ್ಲೊವಾಕಿಯಾ ಒಂದರಿಂದಲೇ ಸುಮಾರು 30 ಲಕ್ಷ ಜರ್ಮನ್ ಭಾಷಿಕರನ್ನು ಹೊರಹಾಕಿದರು. ಎಷ್ಟೋ ಕಡೆ ಅವರ ತೋಳಿಗೆ ಬಿಳಿ ಪಟ್ಟಿ, ಅದರ ಮೇಲೆ ‘ಎನ್’ ಅಕ್ಷರ. ಚೆಕ್ ಭಾಷೆಯಲ್ಲಿ ಜರ್ಮನ್ನರನ್ನು ಕರೆಯುವ ಪದದ ಮೊದಲಕ್ಷರ ಅದು. ಯಹೂದಿಗಳ ಅಂಗಿಗೆ ಹಳದಿ ನಕ್ಷತ್ರ ಹೊಲಿಸಿದ್ದು ನೆನಪಾಗುತ್ತೆ, ಅಲ್ವಾ?

1945ರ ಮೇ 30ರ ರಾತ್ರಿ ಅಲ್ಲಿನ ಬ್ರನೋ ಪಟ್ಟಣದಿಂದ ಸುಮಾರು 20,000 ಜನರನ್ನು ಆಸ್ಟ್ರಿಯಾ ಗಡಿಯತ್ತ ನಡೆಸಿದರು. ಬಹುತೇಕ ಹೆಂಗಸರು, ಮಕ್ಕಳು, ಮುದುಕರು. ಗಂಡಸರು ಯುದ್ಧಕ್ಕೆ ಹೋದವರು, ಇಲ್ಲವೇ ಸೆರೆಯಲ್ಲಿದ್ದವರು. ದಾರಿಯಲ್ಲಿ ಪೊಹೊರ್ಜೆಲಿತ್ಸೆ ಅನ್ನುವ ಊರು. ಅಲ್ಲಿನ ಶಿಬಿರದಲ್ಲಿ ರಕ್ತಭೇದಿ ಹಬ್ಬಿತು. ನೂರಾರು ಜನ ಅಲ್ಲೇ ಮಣ್ಣಾದರು.

ಸಿಟ್ಟು ಸುಮ್ನೆ ಹುಟ್ಟಿದ್ದಲ್ಲ. 1942ರಲ್ಲಿ ನಾಜಿಗಳು ಲಿದಿತ್ಸೆ ಅನ್ನುವ ಚೆಕ್ ಹಳ್ಳಿಯ 173 ಗಂಡಸರನ್ನು ಅಲ್ಲೇ ಗುಂಡಿಟ್ಟು ಕೊಂದು, ಊರನ್ನೇ ನೆಲಸಮ ಮಾಡಿದ್ದರು. ಆದರೆ ಆ ಲೆಕ್ಕವನ್ನು ಬ್ರನೋದ ಅಜ್ಜಿಯರ ಹತ್ತಿರ ಚುಕ್ತಾ ಮಾಡಿಕೊಂಡದ್ದು ನನಗಂತೂ ಒಪ್ಪಿಗೆಯಾಗುವುದಿಲ್ಲ. ಇನ್ನೊಂದು ಮಾತು: ಇಂಥ ‘ನ್ಯಾಯವಾದ ಪ್ರತೀಕಾರ’ ಅಪರಾಧವಲ್ಲ ಅಂತ 1946ರಲ್ಲಿ ಕಾನೂನೇ ಬಂತು. ಕೊಂದವರಲ್ಲಿ ಹೆಚ್ಚಿನವರು ಕಟಕಟೆ ಹತ್ತಲೇ ಇಲ್ಲ.

2015ರಲ್ಲಿ ಬ್ರನೋ ನಗರಸಭೆ ವಿಷಾದ ವ್ಯಕ್ತಪಡಿಸಿತು. ಆ ವರ್ಷದ ನೆನಪಿನ ನಡಿಗೆ ಉಲ್ಟಾ ಸಾಗಿತು: ಪೊಹೊರ್ಜೆಲಿತ್ಸೆಯಿಂದ ವಾಪಸ್ ಬ್ರನೋಗೆ.